ದೀಪ ಹಚ್ಚುವವಳ ಮಾತು

ಆಸ್ಟಿನ್, ಟೆಕ್ಸಸ್
12 ಸೆಪ್ಟೆಂಬರ್ 1998

ಅವ್ವಾ,

ಆರಾಮಿದ್ದೇನೆ ಎಂದು ಮೊದಲೇ ಬರೆದುಬಿಡುತ್ತೇನೆ. ಉಳಿದದ್ದನ್ನು ನೀನು ಅಂಗಡಿಯ ಗದ್ದಲ ಮುಗಿದ ಮೇಲೆ ನಿಧಾನವಾಗಿ ಓದಬಹುದು.

ಮನೆ ಬದಲಿಸಿದ್ದೇನೆ. ಭೂಗರ್ಭಶಾಸ್ತ್ರ ವಿಭಾಗದ ನೋಟಿಸ್ ಬೋರ್ಡಿನಲ್ಲಿ ಒಂದು ಚೀಟಿ ಇತ್ತು: ವಯಸ್ಸಾದ ರಷ್ಯನ್ ಹೆಂಗಸಿನ ಮನೆಯಲ್ಲಿ ಒಂದು ಕೋಣೆ ಖಾಲಿ ಇದೆ, ವಿದ್ಯಾರ್ಥಿನಿಯರು ಕೇಳಬಹುದು. ಚೀಟಿ ಹಚ್ಚಿದವಳು ಆಕೆಯ ಮಗಳು ಇರೀನಾ. ರೌಂಡ್ ರಾಕ್‌ನಲ್ಲಿ ಕಂಪ್ಯೂಟರ್ ಕಂಪನಿಯ ಇಂಜಿನಿಯರ್, ಅಲ್ಲೇ ಬೇರೆ ಮನೆ ಮಾಡಿದ್ದಾಳೆ. ತಾಯಿ ಒಬ್ಬಳೇ ಇರಬಾರದೆಂದು ಜೊತೆಗೆ ಯಾರಾದರೂ ಬೇಕಾಗಿತ್ತು. ‘ನಮ್ಮಮ್ಮ ಹೆಚ್ಚು ಮಾತಾಡೋದಿಲ್ಲ, ಬೇಜಾರು ಮಾಡ್ಕೋಬೇಡ’ ಎಂದು ಕೀಲಿ ಕೊಟ್ಟು ಹೋದಳು.

ಆಕೆಯ ಹೆಸರು ಜೋಯಾ ಮತ್ವೇವ್ನಾ. ರಷ್ಯನ್ನರಲ್ಲಿ ಹೆಸರಿನ ಜೊತೆ ಅಪ್ಪನ ಹೆಸರನ್ನೂ ಸೇರಿಸಿ ಕರೆದರೆ ಮರ್ಯಾದೆಯಂತೆ. ಅರವತ್ತು ದಾಟಿರಬೇಕು. ಮನೆಗೆ ಯಾರೂ ಬರುವುದಿಲ್ಲ, ಆದರೂ ದಿನಾ ತಲೆ ಬಾಚಿ ತುಟಿಗೆ ತೆಳುವಾಗಿ ಬಣ್ಣ ಹಚ್ಚಿಕೊಳ್ಳುತ್ತಾರೆ. ಚಹದ ಕಪ್ಪು ಹಿಡಿದು ಅಡುಗೆಮನೆಯಿಂದ ಬರುವಾಗ ಬಾಗಿಲಲ್ಲಿ ಒಂದು ಗಳಿಗೆ ನಿಲ್ಲುತ್ತಾರೆ. ಕಿಟಕಿಯ ಬೆಳಕು ಮುಖದ ಮೇಲೆ ಬಿದ್ದ ಮೇಲೆಯೇ ಒಳಗೆ ಕಾಲಿಡುವುದು. ಮೊದಲು ಮಂಡಿನೋವು ಅಂದುಕೊಂಡಿದ್ದೆ. ಅದಲ್ಲ.

ಇಲ್ಲಿ ಒಂದು ಸೇತುವೆಯ ಕೆಳಗೆ ಲಕ್ಷಾಂತರ ಬಾವಲಿಗಳಿವೆ. ಸಂಜೆಯಾದರೆ ಹೊಗೆಯ ಹಾಗೆ ಎದ್ದು ನದಿಯ ಮೇಲೆ ಹರಿಯುತ್ತವೆ. ನಿನ್ನೆ ನನ್ನನ್ನು ಅಲ್ಲಿಗೆ ಕರೆದುಕೊಂಡು ಹೋದರು. ಜನ ಬಾವಲಿ ನೋಡುತ್ತಿದ್ದರು. ಆಕೆ ನೀರನ್ನೇ ನೋಡುತ್ತ ನಿಂತಿದ್ದರು.

ನಿನ್ನ
ನಳಿನಿ


ಗದಗ
10 ಅಕ್ಟೋಬರ್ 1998

ನನ್ನ ಮಗಳು ನಳಿನಿಗೆ,

ದಸರಾ ಹಿಂದೆ ಮುಂದೆ ಅಂಗಡಿಯಲ್ಲಿ ಉಸಿರಾಡಲು ಪುರುಸೊತ್ತಿಲ್ಲ. ಸುತ್ತಲಿನ ಹಳ್ಳಿಗಳಲ್ಲೆಲ್ಲ ನಾಟಕ. ಕಿರೀಟಗಳಿಗೆ ಹೊಸ ಬೇಗಡೆ ಹಚ್ಚಿಸಿ ಬಾಡಿಗೆಗೆ ಕಳಿಸಿದ್ದೇನೆ. ಅವು ವಾಪಸು ಬರುವ ಹೊತ್ತಿಗೆ ಹೇಗಿರುತ್ತವೋ ದೇವರೇ ಬಲ್ಲ. ಪೇಟಿ ಮಾಸ್ತರ ಭೀಮಸೇನರು ಕೆಮ್ಮುತ್ತಲೇ ಹಾರ್ಮೋನಿಯಂ ನುಡಿಸಿ ಹುಡುಗರಿಗೆ ಹಾಡು ಕಲಿಸುತ್ತಿದ್ದಾರೆ.

ನಿನ್ನ ಮನೆಯ ಆ ಜೋಯಾಬಾಯಿ ನಾಟಕದವಳು. ಕೇಳಿ ನೋಡು. ಪ್ರವೇಶಕ್ಕೆ ಮೊದಲು ನಾವು ಹಾಗೇ ನಿಲ್ಲುವುದು. ಜನರ ಕಣ್ಣು ನಮ್ಮ ಮೇಲೆ ಬರಲಿ ಎಂದು ಒಂದು ಉಸಿರಿನಷ್ಟು ಕಾಯುತ್ತೇವೆ. ಪಡಸಾಲೆಗೆ ಬರುವಾಗ ನಾನು ಇವತ್ತಿಗೂ ಹಾಗೇ ನಿಲ್ಲುತ್ತೇನೆಂದು ಮಾಸ್ತರರು ನಗುತ್ತಾರೆ. ನೀನು ಗಮನಿಸಿರಲಿಕ್ಕಿಲ್ಲ. ನೀನು ಮನೆಯಲ್ಲಿ ಇದ್ದದ್ದು ಹಾಸ್ಟೆಲಿನ ರಜೆಯಲ್ಲಷ್ಟೇ.

ಹೊಟ್ಟೆ ತುಂಬ ಉಣ್ಣು. ಕಲ್ಲು ಅಗೆಯಲು ಬಿಸಿಲಿಗೆ ಹೋದಾಗ ತಲೆಗೆ ಏನಾದರೂ ಕಟ್ಟಿಕೋ.

ನಿನ್ನ ಅವ್ವ


ಆಸ್ಟಿನ್
24 ಜನವರಿ 1999

ಅವ್ವಾ,

ನೀನು ಬರೆದದ್ದು ಖರೆ. ನಿನ್ನ ಪತ್ರ ಓದಿದ ದಿನವೇ, ನಮ್ಮವ್ವ ನಿಮ್ಮನ್ನು ನಟಿ ಅನ್ನುತ್ತಿದ್ದಾಳೆ ಎಂದು ಜೋಯಾ ಮತ್ವೇವ್ನಾ ಅವರಿಗೆ ಹೇಳಿದೆ. ಕಪ್ಪು ಕೆಳಗಿಟ್ಟರು. ‘ನಿನ್ನ ತಾಯಿ ಯಾರು?’ ಎಂದು ಕೇಳಿದರು. ಆಕೆಯೂ ನಟಿಯೇ ಎಂದೆ. ಹೆಚ್ಚು ಮಾತಾಡುವುದಿಲ್ಲ ಎಂದು ಇರೀನಾ ಹೇಳಿದ್ದಳಲ್ಲ, ಈ ಚಳಿಗಾಲವೆಲ್ಲ ಅವರದ್ದೇ ಮಾತು. ಒಡೆದ ಇಂಗ್ಲಿಷು, ನಡುನಡುವೆ ಕೈಸನ್ನೆ, ಉಳಿದದ್ದಕ್ಕೆ ಮುಖ. ನನಗೆ ಎಲ್ಲ ತಿಳಿಯುತ್ತದೆ.

ವೋಲ್ಗಾ ನದಿಯ ದಂಡೆಯ ಒಂದು ಊರು. ಅಪ್ಪ ಯುದ್ಧಕ್ಕೆ ಹೋದವನು ಬರಲಿಲ್ಲ. ತಾಯಿಗೆ ಬ್ರೆಡ್ ಕಾರ್ಖಾನೆಯಲ್ಲಿ ಕೆಲಸ. ಹದಿನೇಳಕ್ಕೆ ಇವರು ಊರಿನ ರಂಗಮಂದಿರ ಸೇರಿದರಂತೆ. ಮೊದಲ ಪಾತ್ರ ಕುರಿ ಕಾಯುವ ಹುಡುಗನದು. ಒಳಗೆ ಎಷ್ಟು ಚಳಿಯೆಂದರೆ, ಪ್ರೇಕ್ಷಕರು ದಪ್ಪ ಕೋಟು ಹಾಕಿಕೊಂಡೇ ಕೂರುತ್ತಿದ್ದರು, ನಟರು ಆಡಿದ ಪ್ರತಿ ಮಾತೂ ಬೆಳ್ಳಗೆ ಹಬೆಯಾಗಿ ಕಾಣುತ್ತಿತ್ತು. ‘ಮಾತು ಎಷ್ಟು ದೂರ ಹೋಗ್ತದೆ ಅಂತ ನಾನು ಕಣ್ಣಿಂದ ನೋಡಿ ಕಲಿತೆ’ ಎಂದರು.

ಆಮೇಲೆ ಸಿನಿಮಾ. ಟೆಲಿಫೋನ್ ಎಕ್ಸ್‌ಚೇಂಜಿನ ಹುಡುಗಿಯ ಪಾತ್ರ. ಆ ಚಿತ್ರ ದೇಶವೆಲ್ಲ ಓಡಿತು. ರೈಲಿನಲ್ಲಿ ಗುರುತು ಹಿಡಿದವರು ಇವರನ್ನು ಪಾತ್ರದ ಹೆಸರಿನಿಂದಲೇ ಕರೆಯುತ್ತಿದ್ದರು. ಅಲ್ಲಿಂದ ಊರೂರು ತಿರುಗಾಟ. ನಡುವೆ ಇರೀನಾ ಹುಟ್ಟಿದಳು, ಗಂಡ ಬೇರೆಯಾದ, ಕೂಸನ್ನು ಅಜ್ಜಿ ನೋಡಿಕೊಂಡಳು. ಇಷ್ಟನ್ನು ಒಂದೇ ಉಸಿರಿನಲ್ಲಿ ಹೇಳಿ ಎದ್ದು ಹೋಗಿ ಗಿಡಕ್ಕೆ ನೀರು ಹಾಕಿದರು.

1968ರಲ್ಲಿ ಇನ್ನೊಂದು ಚಿತ್ರ. ನದಿಯಲ್ಲಿ ಹಡಗುಗಳಿಗೆ ದಾರಿ ತೋರಿಸಲು ತೇಲುವ ದೀಪಗಳಿರುತ್ತವಂತೆ. ದಿನವೂ ಮುಸ್ಸಂಜೆ ದೋಣಿಯಲ್ಲಿ ಹೋಗಿ ಅವನ್ನು ಹಚ್ಚಿ ಬರುವ ಹೆಂಗಸಿನ ಪಾತ್ರ. ಗಂಡ ಸತ್ತಿದ್ದಾನೆ ಎಂದು ಸರಕಾರದವರು ಹೇಳಿದರೂ ಅವಳು ನಂಬುವುದಿಲ್ಲ, ದೀಪ ಹಚ್ಚುತ್ತಲೇ ಇರುತ್ತಾಳೆ. ಒಂದು ಬೇಸಿಗೆಯಿಡೀ ನೀರಿನ ಮೇಲೆ ಚಿತ್ರೀಕರಣ ಮಾಡಿದರು. ಅಧಿಕಾರಿಗಳು ನೋಡಿ, ನಮ್ಮ ನದಿಯಲ್ಲಿ ಇಷ್ಟು ದುಃಖ ಇಲ್ಲ ಎಂದು ಚಿತ್ರವನ್ನೇ ತಡೆಹಿಡಿದರು. ನಿರ್ದೇಶಕ ದೇಶ ಬಿಟ್ಟು ಹೋದ. ಇವರನ್ನು ಮತ್ತೆ ಯಾವ ಸ್ಟುಡಿಯೋದವರೂ ಕರೆಯಲಿಲ್ಲ. ತಮ್ಮ ಊರಿನ ರಂಗಮಂದಿರಕ್ಕೇ ಹಿಂದಿರುಗಿ ಅತ್ತೆ, ಅಜ್ಜಿ, ಮಾಟಗಾತಿ ಎಂದು ಇಪ್ಪತ್ತಕ್ಕೂ ಹೆಚ್ಚು ವರ್ಷ ದುಡಿದರು. ಆ ಚಿತ್ರವನ್ನು ಇವರೂ ನೋಡಿಲ್ಲ.

‘ಇಲ್ಲಿ ನಿಮಗೇನು ಪಾತ್ರ?’ ಎಂದು ತಮಾಷೆಗೆ ಕೇಳಿದೆ. ‘ಮುದುಕಿ. ಮಾತಿಲ್ಲದ ಪಾತ್ರ’ ಎಂದರು.

ಇರೀನಾ ಭಾನುವಾರಕ್ಕೊಮ್ಮೆ ಸಾಮಾನು ತಂದು ಫ್ರಿಜ್ಜಿನಲ್ಲಿ ಜೋಡಿಸಿಟ್ಟು ಹೋಗುತ್ತಾಳೆ. ಕೂರುವುದಿಲ್ಲ. ಕಾರಿನ ಕೀಲಿ ಕೈಯಲ್ಲೇ ಇರುತ್ತದೆ. ತಾಯಿಯೂ ಕೂರು ಎನ್ನುವುದಿಲ್ಲ.

ನಳಿನಿ


ಗದಗ
18 ಫೆಬ್ರವರಿ 1999

ನಳಿನಿ,

ಜೋಯಾಬಾಯಿಯ ಕಥೆಯನ್ನು ಮಾಸ್ತರರಿಗೂ ಓದಿ ಹೇಳಿದೆ. ಚಿತ್ರ ತಡೆಹಿಡಿದರು ಎಂಬಲ್ಲಿಗೆ ಬಂದಾಗ ಅವರು ಪೇಟಿಯ ಮುಚ್ಚಳ ಹಾಕಿದರು. ನದಿಯ ಮೇಲೆ ದೀಪ ಹಚ್ಚುವ ಪಾತ್ರ ಎಂದರೆ ಎಂಥದು. ನಮ್ಮ ನಾಟಕ ಕಂಪನಿಯಲ್ಲಾಗಿದ್ದರೆ ನೀಲಿ ಸೀರೆಯನ್ನು ಇಬ್ಬರು ಎರಡೂ ಕಡೆ ಹಿಡಿದು ಅಲುಗಿಸುತ್ತಿದ್ದರು, ಅದೇ ನದಿ.

ಆಕೆಯದು ಒಂದು ಚಿತ್ರ ಕಳೆಯಿತು. ನಮ್ಮದು ಕಳೆಯಲಿಕ್ಕಾದರೂ ಏನಿತ್ತು? ಪರದೆ ಬಿದ್ದರೆ ಅಲ್ಲಿಗೆ ಆಯಿತು.

ಇರೀನಾಳ ಬಗ್ಗೆ ನೀನು ಬರೆದದ್ದನ್ನು ಮತ್ತೆ ಮತ್ತೆ ಓದಿದೆ. ಚಳಿ ಇನ್ನೂ ಇದ್ದರೆ ಕಂದು ಸ್ವೆಟರ್ ಹಾಕಿಕೋ.

ನಿನ್ನ ಅವ್ವ


ಆಸ್ಟಿನ್
13 ಜೂನ್ 1999

ಅವ್ವಾ,

ಎಷ್ಟೋ ದಿನ ಬರೆಯಲಾಗಲಿಲ್ಲ. ಇಲ್ಲಿ ನಡೆದದ್ದು ಇವತ್ತಿಗೂ ಕನಸಿನ ಹಾಗಿದೆ.

ಹೈವೇ ಬದಿಯಲ್ಲೆಲ್ಲ ನೀಲಿ ಹೂವು ಬಿಟ್ಟ ಕಾಲಕ್ಕೆ ಹ್ಯೂಸ್ಟನ್‌ನ ಒಂದು ಮ್ಯೂಸಿಯಮ್ಮಿನಿಂದ ಫೋನು ಬಂತು. ನದಿಯ ಚಿತ್ರ ಸಿಕ್ಕಿದೆ. ರಷ್ಯದ ಯಾವುದೋ ಉಗ್ರಾಣದಲ್ಲಿ ಫಿಲ್ಮಿನ ಡಬ್ಬಿಗಳು ಇದ್ದವಂತೆ. ಆದರೆ ದೃಶ್ಯ ಉಳಿದಿದೆ, ಧ್ವನಿ ಇಲ್ಲ. ಆಗ ಮಾತನ್ನು ಬೇರೆ ಟೇಪಿನಲ್ಲಿ ಹಿಡಿಯುತ್ತಿದ್ದರು, ಆ ಟೇಪು ಹೋಗಿದೆ. ಬರೆದ ಸಂಭಾಷಣೆಯ ಪ್ರತಿಯೂ ಇಲ್ಲ. ಚಿತ್ರದ ನಾಯಕಿ ಆಸ್ಟಿನ್‌ನಲ್ಲೇ ಇದ್ದಾರೆಂದು ಗೊತ್ತಾಗಿ, ಪರದೆಯ ಪಕ್ಕ ಕುಳಿತು ಮಾತುಗಳನ್ನು ನೀವೇ ಆಡುತ್ತೀರಾ ಎಂದು ಕೇಳಿದರು.

ಆಗುವುದಿಲ್ಲ ಎಂದು ಫೋನಿಟ್ಟರು. ಎರಡು ದಿನ ಊಟ ಸೇರಲಿಲ್ಲ. ‘ಅದರಲ್ಲಿರೋಳು ನನ್ನ ಮಗಳಿಗಿಂತ ಚಿಕ್ಕೋಳು. ಅವಳ ಬಾಯಿಗೆ ಮುದುಕಿ ಧ್ವನಿ ಹಾಕೋದಾ?’ ಎಂದರು. ಮ್ಯೂಸಿಯಮ್ಮಿನವರು ಬಿಡದೆ ವಿಡಿಯೋ ಕ್ಯಾಸೆಟ್ ಕಳಿಸಿದರು. ಅದು ಒಂದು ವಾರ ಟಿವಿಯ ಮೇಲೇ ಕೂತಿತ್ತು.

ಒಂದು ಮಧ್ಯಾಹ್ನ ನಾನು ಕಾಲೇಜಿನಿಂದ ಬಂದಾಗ ಕಿಟಕಿಯ ಪರದೆಗಳನ್ನೆಲ್ಲ ಎಳೆದಿತ್ತು. ಜೋಯಾ ಟಿವಿಯ ಮುಂದೆ ನೆಲದ ಮೇಲೆ ಕುಳಿತಿದ್ದರು. ಒಳಗೆ ಆ ಎಳೆಯ ಹೆಂಗಸು ದೋಣಿ ಹುಟ್ಟು ಹಾಕುತ್ತ ಏನೋ ಹೇಳುತ್ತಿದ್ದಳು. ಸದ್ದಿಲ್ಲ, ತುಟಿ ಮಾತ್ರ ಅಲುಗುತ್ತಿತ್ತು. ಈಕೆ ಗಾಜಿಗೆ ಮುಖ ತಾಗುವಷ್ಟು ಹತ್ತಿರ ಹೋಗಿ, ಹಾಗೇ ತುಟಿ ಅಲುಗಿಸುತ್ತಿದ್ದರು. ಹಿಂದಕ್ಕೆ ಓಡಿಸುವುದು, ಮತ್ತೆ ಅಲುಗಿಸುವುದು. ಎಷ್ಟೋ ಹೊತ್ತಿನ ಮೇಲೆ ಈಕೆಯ ತುಟಿಯಿಂದ ಒಂದು ಮಾತು ಹೊರಬಂತು. ನಿಧಾನವಾಗಿ, ಬಾವಿಯಿಂದ ಕೊಡ ಮೇಲೆ ಬಂದ ಹಾಗೆ. ನನ್ನ ಕಡೆ ತಿರುಗಿ, ‘ಅವಳೇ ಹೇಳಿಕೊಡ್ತಿದ್ದಾಳೆ’ ಎಂದರು.

ಹೀಗೆ ದಿನವೂ ನಡೆದಿದೆ. ಹ್ಯೂಸ್ಟನ್‌ಗೆ ಬರುತ್ತೇನೆಂದು ಒಪ್ಪಿದ್ದಾರೆ. ಆದರೆ ಒಂದು ದೃಶ್ಯಕ್ಕೆ ದಾರಿ ಸಿಕ್ಕಿಲ್ಲ. ದೀಪ ಹಚ್ಚಲು ಹೊರಡುವ ಮೊದಲು ಆಕೆ ಮಗಳ ಮಂಚದ ಮೇಲೆ ಬಾಗಿ ಬಹಳ ಹೊತ್ತು ಮಾತಾಡುತ್ತಾಳೆ. ಕ್ಯಾಮೆರಾಕ್ಕೆ ಬೆನ್ನು. ತುಟಿ ಕಾಣುವುದಿಲ್ಲ. ಏನು ಹೇಳಿದೆನೋ ಒಂದಕ್ಷರವೂ ನೆನಪಿಲ್ಲ ಎನ್ನುತ್ತಾರೆ.

ಚಿತ್ರದಲ್ಲಿರುವ ಹುಡುಗಿಯ ಮಾತನ್ನಾದರೂ ನೀನು ಆಡು ಎಂದು ಇರೀನಾಳನ್ನು ನಾನೇ ಕೇಳಿದೆ. ತನಗೆ ಕೆಲಸವಿದೆ ಎಂದಳು. ಬಾಗಿಲ ತನಕ ಹೋದವಳು ತಿರುಗಿ, ‘ಆ ಬೇಸಿಗೇಲಿ ನನಗೆ ಆರು ವರ್ಷ. ಆ ಹುಡುಗಿಗೂ ಅಷ್ಟೇ’ ಎಂದು ಹೇಳಿ ಹೋದಳು.

ನಳಿನಿ


ಗದಗ
8 ಜುಲೈ 1999

ನಳಿನಿ,

ಪತ್ರ ಬಂತು. ಜೋಯಾಬಾಯಿಗೆ ಗಾಬರಿ ಬೇಡವೆಂದು ಹೇಳು. ಬೆನ್ನು ತಿರುಗಿಸಿದಾಗ ನಾವೂ ನಾಟಕದ ಮಾತನ್ನೇ ಆಡುತ್ತಿದ್ದೆವೇನು? ಗಂಡನ ಹೆಣದ ಮೇಲೆ ಬಿದ್ದು ಗೋಳಾಡುವ ದೃಶ್ಯದಲ್ಲಿ, ಜನರಿಗೆ ನನ್ನ ಭುಜ ನಡುಗುವುದು ಕಾಣುತ್ತಿತ್ತು. ನಾನು ಮೆಲ್ಲಗೆ ಹೆಣಕ್ಕೆ, ‘ರೊಟ್ಟಿ ಆಗ್ಯಾವೇನ್ರಿ? ಒಲಿ ಮ್ಯಾಲೆ ಏನೈತಿ?’ ಎಂದು ಕೇಳುತ್ತಿದ್ದೆ. ಹೆಣ ನಗು ತಡೆಯಲಾಗದೆ ಒದ್ದಾಡುತ್ತಿತ್ತು. ಇದನ್ನು ಹೇಳಿದರೆ ಆಕೆ ನಗಬಹುದು.

ಒಂದೊಂದು ದಿನ ಬೇರೆ ಮಾತೂ ಬರುತ್ತಿತ್ತು. ಅದನ್ನು ಬರೆಯಲಾಗುವುದಿಲ್ಲ.

ಮಳೆ ಇನ್ನೂ ಹಿಡಿದಿಲ್ಲ. ಸಾಮಾನಿನ ಪೆಟ್ಟಿಗೆಗಳನ್ನೆಲ್ಲ ಬಿಸಿಲಿಗೆ ಹಾಕಿದ್ದೇನೆ.

ನಿನ್ನ ಅವ್ವ


ಆಸ್ಟಿನ್
17 ಅಕ್ಟೋಬರ್ 1999

ಅವ್ವಾ,

ಆಯಿತು. ಹೇಗಾಯಿತೆಂದು ಬರೆಯುತ್ತೇನೆ.

ಕಾರು ಡ್ರೈವ್ ಮಾಡಿದವಳು ಇರೀನಾ. ಕರೆದುಕೊಂಡು ಹೋಗುತ್ತೇನೆ, ಆದರೆ ಒಳಗೆ ಕೂರುವುದಿಲ್ಲ ಎಂದು ಮೊದಲೇ ಹೇಳಿದ್ದಳು. ಶನಿವಾರ ಹ್ಯೂಸ್ಟನ್ ಪಕ್ಕದ ಮಿಸೌರಿ ಸಿಟಿಯಲ್ಲಿ ಶಕುಂತಲಾ ಆಂಟಿ ಅವರ ಮನೆಯಲ್ಲಿ ಇಳಿದುಕೊಂಡೆವು. ಅಲ್ಲಿನ ಕನ್ನಡ ಸಂಘದವರು, ಮೈಸೂರಿನ ಕಡೆಯವರು. ಮೂವರಿಗೂ ಬಿಸಿಬೇಳೆಬಾತ್ ಬಡಿಸಿದರು. ಜೋಯಾ ಖಾರಕ್ಕೆ ಕಣ್ಣಲ್ಲಿ ನೀರು ಸುರಿಸುತ್ತಲೇ ಇನ್ನೊಂದು ಸಲ ಹಾಕಿಸಿಕೊಂಡರು. ಬಡಿಸುತ್ತಾ ಆಂಟಿ, ‘ಊರಲ್ಲಿ ನಿಮ್ಮಮ್ಮ ಏನ್ಮಾಡ್ತಾರಮ್ಮ?’ ಎಂದು ಕೇಳಿದರು. ‘ಕಂಪನಿ ನಾಟಕದಾಗ ಪಾತ್ರ ಮಾಡ್ತಿದ್ರು ರೀ’ ಎಂದೆ. ಆ ಮಾತು ಅಷ್ಟು ಸಲೀಸಾಗಿ ನನ್ನ ಬಾಯಿಂದ ಬರುತ್ತದೆಂದು ನನಗೇ ಗೊತ್ತಿರಲಿಲ್ಲ. ಆಂಟಿ ಸೌಟು ಹಿಡಿದೇ ನಿಂತು, ಹಾಡು ಗೀಡು ಹೇಳ್ತಾರಾ ಎಂದು ಕೇಳಿದರು. ನನಗೆ ತಿಳಿಯದು ಎಂದೆ.

ಭಾನುವಾರ ಮಧ್ಯಾಹ್ನ ಪ್ರದರ್ಶನ. ಸಭಾಂಗಣ ತುಂಬಿತ್ತು. ಹೆಚ್ಚಿನವರು ರಷ್ಯನ್ನರು, ವಯಸ್ಸಾದವರು. ಡಾಲಸ್‌ನಿಂದಲೂ ಬಂದಿದ್ದರು. ಪರದೆಯ ಎಡಕ್ಕೆ ಒಂದು ಸಣ್ಣ ಮೇಜು, ಮೈಕು, ಮಂಕು ದೀಪ. ಜೋಯಾ ಕಪ್ಪು ಉಡುಪು ಹಾಕಿಕೊಂಡು ಕುಳಿತರು.

ನದಿ ಬಂತು. ಮಂಜು ಕವಿದ ನೀರು, ಅದರೊಳಗಿಂದ ಒಂದು ದೋಣಿ. ಆಮೇಲೆ ಧ್ವನಿ. ಅವ್ವಾ, ಮೊದಲ ಒಂದೆರಡು ಮಾತು ಹೊಂದಲೇ ಇಲ್ಲ. ಆ ಎಳೆಯ ಬಾಯಿ, ಈ ಹಣ್ಣಾದ ಧ್ವನಿ. ಆಮೇಲೆ ಅದು ಮರೆತೇ ಹೋಯಿತು. ದೋಣಿಯವಳು ತನ್ನ ಮುಪ್ಪಿನಿಂದ ತಾನೇ ಮಾತಾಡುತ್ತಿದ್ದಾಳೆ ಅನಿಸಿತು. ಗಂಡಸರ ಮಾತನ್ನೂ, ಮಗುವಿನ ಮಾತನ್ನೂ ಆಕೆಯೇ ಆಡಿದರು. ಯಾರೂ ಕೆಮ್ಮಲಿಲ್ಲ.

ನಾನು ಒಮ್ಮೆ ಹಿಂದಿರುಗಿ ನೋಡಿದೆ. ಇರೀನಾ ಒಳಗೆ ಬಂದಿದ್ದಳು. ಬಾಗಿಲ ಪಕ್ಕ ಗೋಡೆಗೆ ಆನಿಕೊಂಡು ನಿಂತಿದ್ದಳು.

ಆಗ ಮಂಚದ ದೃಶ್ಯ. ದೊಡ್ಡ ಪರದೆಯ ತುಂಬ ಒಂದು ಬೆನ್ನು, ಹೆಗಲ ಮೇಲೆ ಶಾಲು. ಧ್ವನಿ ಇಲ್ಲ. ಇನ್ನೂ ಇಲ್ಲ. ಜೋಯಾ ಪರದೆ ನೋಡುವುದನ್ನು ಬಿಟ್ಟು ಸಭೆಯ ಕತ್ತಲೆಯ ಕಡೆ ತಿರುಗಿದರು. ಮೈಕಿನ ಹತ್ತಿರ ಬಾಗಿ ಮೆಲ್ಲಗೆ ಮಾತಾಡಿದರು. ನನಗೆ ರಷ್ಯನ್ ಬರುವುದಿಲ್ಲ. ಆದರೆ ನನ್ನ ಮುಂದಿನ ಸಾಲಿನ ಮುದುಕ ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡದ್ದು ಕಂಡೆ.

ಚಪ್ಪಾಳೆ ಎಷ್ಟು ಹೊತ್ತು ಬಿತ್ತೋ. ಜನ ಬಂದು ಕೈಗೆ ಮುತ್ತಿಟ್ಟರು. ಕೆಲವರು ಇವತ್ತಿಗೂ ಟೆಲಿಫೋನ್ ಹುಡುಗಿಯ ಹೆಸರಿನಿಂದಲೇ ಕರೆದರು.

ವಾಪಸು ಬರುವಾಗ ಹೊಲಗಳ ಮೇಲೆ ಇಳಿಬಿಸಿಲು. ಜೋಯಾ ಹಿಂದಿನ ಸೀಟಿನಲ್ಲಿ ಕಣ್ಣು ಮುಚ್ಚಿದ್ದರು. ನಿದ್ದೆಯೋ ಅಲ್ಲವೋ. ಅರ್ಧ ದಾರಿಯಾದ ಮೇಲೆ, ಆ ದೃಶ್ಯದಲ್ಲಿ ಏನು ಹೇಳಿದರು ಎಂದು ನಾನು ಇರೀನಾಳನ್ನು ಕೇಳಿದೆ. ರಸ್ತೆ ನೋಡುತ್ತಲೇ ಒಂದೊಂದೇ ಮಾತು ಇಂಗ್ಲಿಷಿಗೆ ತಂದಳು.

‘ನೀನು ನಿದ್ದೆ ಹೋಗೋ ತನಕ ಕೂತಿರ್ತೀನಿ ಅಂದಿದ್ದೆ. ನನ್ನ ರೈಲಿಗೆ ಹೊತ್ತಾಗಿತ್ತು. ಅದು ನಿನಗೆ ಗೊತ್ತಿತ್ತು. ಅದಕ್ಕೇ ನೀನು ಕಣ್ಣು ಮುಚ್ಚಿ, ನಿದ್ದೆ ಬಂದೋರ ಹಾಗೆ ಮಲಗಿದೆ. ನಿನ್ನ ರೆಪ್ಪೆ ಅಲುಗ್ತಿತ್ತು. ನಾನು ನೋಡಿದೆ. ನೋಡಿ, ಎದ್ದು ಹೋದೆ. ನಮ್ಮಿಬ್ಬರಲ್ಲಿ ದೊಡ್ಡ ನಟಿ ನೀನೇ.’

ಅದು ಚಿತ್ರದ ಮಾತೇ ಎಂದು ಕೇಳಿದೆ. ಅಲ್ಲ ಎಂದು ತಲೆಯಾಡಿಸಿದಳು. ಆಮೇಲೆ, ‘ಆವತ್ತು ಅವಳನ್ನ ನಂಬಿಸಿಬಿಟ್ಟೆ ಅಂತಲೇ ಇಷ್ಟು ವರ್ಷ ಅಂದ್ಕೊಂಡಿದ್ದೆ. ಅವಳಿಗೆ ಗೊತ್ತಿತ್ತು’ ಎಂದಳು.

ಆಸ್ಟಿನ್ ತಲುಪಿದ ಮೇಲೆ ಕಾರು ನಿಲ್ಲಿಸಿ ಒಳಗೆ ಬಂದಳು. ಚಹ ಮಾಡಿದಳು. ಇಬ್ಬರೂ ಅಡುಗೆಮನೆಯ ಮೇಜಿನ ಎರಡು ಬದಿಗೆ ಕುಳಿತರು. ನಾನು ನನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡೆ.

ಡಿಸೆಂಬರಿನಲ್ಲಿ ಊರಿಗೆ ಬರುತ್ತೇನೆ. ಟಿಕೆಟ್ಟಾಗಿದೆ. ನಿನ್ನನ್ನು ಒಂದು ಮಾತು ಕೇಳುವುದಿದೆ. ಪತ್ರದಲ್ಲಿ ಬೇಡ.

ನಿನ್ನ
ನಳಿನಿ


ಗದಗ
20 ಫೆಬ್ರವರಿ 2000

ಜೋಯಾಬಾಯಿ ಅವರಿಗೆ,

ಗದಗಿನಿಂದ ಕಾಶವ್ವ ಕೈಮುಗಿಯುತ್ತಾಳೆ. ನಾನು ಕನ್ನಡದಲ್ಲಿ ಬರೆದದ್ದನ್ನು ನಳಿನಿ ಇಂಗ್ಲಿಷಿನಲ್ಲಿ ಓದಿ ಹೇಳುತ್ತಾಳೆ, ಅದನ್ನು ನೀವು ಮನಸ್ಸಿನಲ್ಲಿ ರಷ್ಯನ್ ಮಾಡಿಕೊಳ್ಳುತ್ತೀರಿ. ಅಷ್ಟು ದೂರ ನಡೆದ ಮೇಲೆ ಉಳಿದದ್ದು ಉಳಿಯಲಿ.

ಡಾಲಸ್‌ನಲ್ಲಿ ನೀವು ಮತ್ತೊಮ್ಮೆ ಚಿತ್ರಕ್ಕೆ ಧ್ವನಿ ಕೊಟ್ಟಿರಿ, ಚಿಕ್ಕ ಹುಡುಗಿಯ ಮಾತನ್ನು ನಿಮ್ಮ ಮಗಳೇ ಆಡಿದಳು ಎಂದು ನಳಿನಿ ಬರೆದಿದ್ದಾಳೆ. ಓದಿ ಮಾಸ್ತರರೂ ನಾನೂ ಸಕ್ಕರೆ ಹಂಚಿದೆವು. ಅಂಗಡಿಗೆ ಬಂದವರಿಗೆ ಯಾಕೆಂದು ತಿಳಿಯಲಿಲ್ಲ.

ನಳಿನಿ ಇಲ್ಲಿಗೆ ಬಂದು ಹೋದಳು. ಏನೋ ಕೇಳುವುದಿದೆ ಎಂದಿದ್ದವಳು ದಿನ ದೂಡಿದಳು. ಸಂಕ್ರಾಂತಿಯ ದಿನ ಸಜ್ಜೆ ರೊಟ್ಟಿ ಉಂಡು ಅಂಗಡಿಯ ಪೆಟ್ಟಿಗೆಯ ಮೇಲೆ ಕೂತವಳು, ‘ಅವ್ವಾ, ನನ್ನ ಮುಂದ ಒಂದು ಪಾತ್ರ ಮಾಡು’ ಎಂದಳು.

ನಿಮಗೆ ಹೇಳಬೇಕು. ಕಂಪನಿಯ ಡೇರೆಯೊಳಗೆ ನಾನು ಅವಳನ್ನು ಎಂದೂ ಬಿಟ್ಟುಕೊಂಡವಳಲ್ಲ. ನಾಟಕದವಳ ಮಗಳು ಎಂಬ ಮಾತು ಅವಳ ಹಿಂದೆ ಬರುವುದು ಬೇಡವೆಂದು ಧಾರವಾಡದ ಹಾಸ್ಟೆಲಿನಲ್ಲಿ ಇಟ್ಟು ಓದಿಸಿದೆ. ಅದು ಸರಿಯೇ ಆಯಿತು, ಈಗಲೂ ಹಾಗೇ ಅನ್ನುತ್ತೇನೆ. ಅವಳು ಕಲ್ಲುಗಳ ವಯಸ್ಸು ಹೇಳುವಷ್ಟು ಓದಿದಳು. ನಾನು ಬಣ್ಣ ಹಚ್ಚಿದ್ದನ್ನು ಮಾತ್ರ ನೋಡಲಿಲ್ಲ.

ರಾಣಿಯ ಪಾತ್ರ ಮಾಡೋಣವೆಂದು ಜರಿ ಸೀರೆ ತೆಗೆದೆ. ಉಡುವ ಹೊತ್ತಿಗೆ ಮನಸ್ಸು ಬದಲಾಯಿತು. ಜಗಳಗಂಟಿ ಅತ್ತೆಯ ಪಾತ್ರ ಮಾಡಿದೆ. ಮಾಸ್ತರರು ಪೇಟಿ ಹಿಡಿದರು. ಮೊಣಕಾಲು ಕೇಳಲಿಲ್ಲ, ನಡುವೆ ಮಾತೂ ಮರೆತುಹೋಯಿತು. ಮರೆತದ್ದು ಗೊತ್ತಾಗಬಾರದೆಂದು ಸೊಸೆಯನ್ನು ಬಿಟ್ಟು ಮಾಸ್ತರರನ್ನೇ ಬೈಯಲು ಹಿಡಿದೆ. ಅವರೂ ಪೇಟಿಯಲ್ಲೇ ತಿರುಗಿ ಬೈದರು. ನಳಿನಿ ನಕ್ಕಳು. ಪೆಟ್ಟಿಗೆಯಿಂದ ಜಾರಿ ನೆಲಕ್ಕೆ ಕೂತು, ಹೊಟ್ಟೆ ಹಿಡಿದುಕೊಂಡು, ಸಾಕವ್ವ ಸಾಕು ಎನ್ನುತ್ತ ನಕ್ಕಳು. ಅವಳು ಹಾಗೆ ನಗುತ್ತಾಳೆಂದು ನನಗೆ ಗೊತ್ತಿರಲಿಲ್ಲ.

ಅವಳನ್ನು ಹಾಸ್ಟೆಲಿನಲ್ಲಿ ಬಿಟ್ಟು ಬಂದ ದಿನ ಸಂಜೆ ನಾನು ಇದೇ ಪಾತ್ರ ಮಾಡಿದ್ದೆ. ಡೇರೆ ತುಂಬ ಜನ, ನಗುವೋ ನಗು. ಆ ನಗುವಿನಲ್ಲಿ ಯಾವುದಾದರೂ ಕೂಸಿನ ನಗು ಬೇರೆಯಾಗಿ ಕೇಳಿಸಿದರೆ ನನಗೆ ಮಾತು ತಪ್ಪುತ್ತಿತ್ತು. ಆಮೇಲೆ ಎಷ್ಟೋ ವರ್ಷ ಹಾಗೇ ಆಯಿತು. ಮಕ್ಕಳು ನಕ್ಕಾಗಲೆಲ್ಲ ಕಿವಿ ಮುಚ್ಚಿಕೊಂಡವಳ ಹಾಗೆ ಮುಂದಿನ ಮಾತಿಗೆ ಓಡುತ್ತಿದ್ದೆ. ಇದನ್ನು ನಾನು ನಳಿನಿಗೆ ಹೇಳಿಲ್ಲ. ನಿಮಗೆ ಹೇಳುತ್ತಿದ್ದೇನೆ. ಓದಿ ಹೇಳುವವಳು ಅವಳೇ ಎಂದು ನನಗೆ ಗೊತ್ತಿದೆ.

ಇಲ್ಲಿ ಅವಳು ಓದುವುದನ್ನು ನಿಲ್ಲಿಸಿದರೆ ಅವಸರ ಮಾಡಬೇಡಿ. ನೀರು ಕೊಡಿ. ಆಮೇಲೆ ಉಳಿದದ್ದನ್ನು ಓದಲಿ.

ಉಳಿದದ್ದು ಇಷ್ಟೇ. ಹುಬ್ಬಳ್ಳಿಯ ತಂಡವೊಂದು ಸಾಮಾನು ಬಾಡಿಗೆಗೆ ಕೇಳಲು ಬಂದಿತ್ತು. ಅತ್ತೆಯ ಪಾತ್ರದವಳು ಕೈಕೊಟ್ಟಿದ್ದಾಳಂತೆ. ಸಾಮಾನಿನ ಜೊತೆ ನಾನೂ ಬರುತ್ತೇನೆ ಎಂದೆ. ಯುಗಾದಿಯ ಮರುದಿನ ನಾಟಕ. ಅವರದು ಪೇಟೆಯ ನಡುವಿನ ಬಯಲು, ಮಕ್ಕಳು ಬಹಳ ಬರುತ್ತಾರಂತೆ, ಎಲ್ಲ ಮುಂದೆ ಚಾಪೆಯ ಮೇಲೇ ಕೂರುತ್ತವಂತೆ.

ಈ ಸಲ ಅವು ನಕ್ಕರೆ, ಮುಂದಿನ ಮಾತು ಆಡದೆ, ಅವು ನಕ್ಕು ಮುಗಿಸುವ ತನಕ ನಿಂತು ಕೇಳುತ್ತೇನೆ.

ಕಾಶವ್ವ